ವಿಎಲ್70-ಎಂ ಹಣ್ಣಾಗಿದೆ, ಅದರ ಉಸಿರು ಲ್ಯಾಪ್‌ಟಾಪಿನಲ್ಲಿ ಸಿಕ್ಕೀತೇ?

ರಸಮಂಜರಿ_ಕೀಬೋರ್ಡು
ದಾವಣಗೆರೆಯಿಂದ ಬರೆಯುತ್ತಿದ್ದೇನೆ. ಇಪ್ಪತ್ತು ವರ್ಷಗಳಿಂದ ಗಣೇಶೋತ್ಸವ, ಜಾತ್ರೆ, ಕಾಲೇಜು ವಾರ್ಷಿಕೋತ್ಸವ ಎಂದು ಊರೂರು ಅಲೆದು ರಸಮಂಜರಿಗಳಲ್ಲಿ ಕೀಬೋರ್ಡು ನುಡಿಸುವವನು ನಾನು. ನಮ್ಮ ತಂಡದಲ್ಲಿ ಕೊಳಲು, ಸ್ಯಾಕ್ಸೊಫೋನು, ಕೆಲವೊಮ್ಮೆ ಶಹನಾಯಿ, ಎಲ್ಲವೂ ನನ್ನ ಪಾಲಿಗೇ ಬರುತ್ತವೆ. ಅದಕ್ಕೆಂದೇ ಬಹಳ ಹಿಂದೆ ಸೆಕೆಂಡ್ ಹ್ಯಾಂಡ್ ಆಗಿ ಯಮಹಾದ ವಿಎಲ್70-ಎಂ ಎಂಬ, ಊದಿ ನುಡಿಸಬಹುದಾದ ಸಿಂಥಸೈಜರ್ (ಸಿಂಥ್) ಕೊಂಡಿದ್ದೆ. ದಪ್ಪ ನಿಘಂಟಿನಷ್ಟು ಗಾತ್ರದ ಡಬ್ಬಿ. ಜೊತೆಗೆ ತಲೆಗೆ ಸಿಕ್ಕಿಸಿಕೊಳ್ಳುವ ಬಿಸಿ3 ಎಂಬ ಉಸಿರಿನ ಕಂಟ್ರೋಲರ್. ಬೆರಳು ಕೀಲಿಯ ಮೇಲೆ, ಬಾಯಿ ಊದುವುದರಲ್ಲಿ. ಎದುರಿಗೆ ಕುಳಿತ ಮಕ್ಕಳು ಇವನೇಕೆ ಆಸ್ಪತ್ರೆಯಿಂದ ಎದ್ದು ಬಂದವನ ಹಾಗೆ ಮೂತಿಗೆ ಕೊಳವೆ ಕಟ್ಟಿಕೊಂಡಿದ್ದಾನೆ ಎಂದು ನೋಡುತ್ತಾರೆ.

ಈಗ ಡಬ್ಬಿಗೆ ವಯಸ್ಸಾಗಿದೆ. ಪರದೆ ಮಂಕಾಗಿ ಧ್ವನಿಯ ಹೆಸರು ಓದಲು ಮೊಬೈಲಿನ ಟಾರ್ಚ್ ಹಿಡಿಯಬೇಕು. ಕಳೆದ ತಿಂಗಳು ಒಂದು ಜಾತ್ರೆಯಲ್ಲಿ ಜನರೇಟರ್ ಏರುಪೇರಾಗಿ ಡಬ್ಬಿ ಹಾಡಿನ ನಡುವೆಯೇ ಸುಮ್ಮನಾಯಿತು. ಮತ್ತೆ ಹೊತ್ತಿಸಿದಾಗ ನಾನು ಉಳಿಸಿಟ್ಟ ಧ್ವನಿಗಳೆಲ್ಲ ಮಾಯ. ರಿಪೇರಿಗೆ ಒಯ್ದರೆ ಅಂಗಡಿಯವರು ಮುಚ್ಚಳವನ್ನೂ ಬಿಚ್ಚದೆ, ಇದರ ಬಿಡಿಭಾಗ ಬರುವುದಿಲ್ಲ ಎಂದು ವಾಪಸು ಕೊಟ್ಟರು.

ನನ್ನ ಪ್ರಶ್ನೆ ಇಷ್ಟೇ. ಇದರ ಬದಲಿಗೆ ಲ್ಯಾಪ್‌ಟಾಪಿನಲ್ಲಿ ಏನಾದರೂ ಇದೆಯೇ? ಸ್ಯಾಂಪಲ್ ಲೈಬ್ರರಿಗಳ (ರೆಕಾರ್ಡ್ ಮಾಡಿಟ್ಟ ದನಿಗಳ ಸಂಗ್ರಹಗಳ) ಹೆಸರು ಹೇಳಬೇಡಿ, ಅವು ನನ್ನಲ್ಲಿ ಬೇಕಾದಷ್ಟಿವೆ. ಕೇಳಲು ಚೆನ್ನ, ಊದಲು ಹೊರಟರೆ ಗೋಡೆಗೆ ಊದಿದ ಹಾಗೆ.

ಮಿತಭಾಷಿ
ರೆಸ್ಪಿರೊ ಎಂಬ ಸಾಫ್ಟ್‌ವೇರ್. ಇಮಾಕ್ಸ್‌ಪ್ಲಸ್ ಕಂಪನಿಯದು. ಮುಂದೆ ಹುಡುಕುವ ಅಗತ್ಯವಿಲ್ಲ.

ಬೆಸುಗೆಕಡ್ಡಿ
ಮೇಷ್ಟರೇ, ಮೊದಲು ರೋಗಿಯನ್ನು ನೋಡೋಣ, ಆಮೇಲೆ ಉತ್ತರಾಧಿಕಾರಿಯನ್ನು ಹುಡುಕೋಣ. ನಾನು ಹುಬ್ಬಳ್ಳಿಯಲ್ಲಿ ಆಂಪ್ಲಿಫೈಯರ್, ಕೀಬೋರ್ಡು ರಿಪೇರಿ ಮಾಡುತ್ತೇನೆ. ಧ್ವನಿಗಳು ಮಾಯವಾದವು ಎಂದರೆ ಒಳಗಿನ ಬ್ಯಾಟರಿ ಸತ್ತಿದೆ ಎಂದೇ ಅರ್ಥ. ಆ ಕಾಲದ ಪೆಟ್ಟಿಗೆಗಳಲ್ಲಿ ನೆನಪು ಕಾಯುವುದು ಲೀಥಿಯಂ ನಾಣ್ಯ ಬ್ಯಾಟರಿ. ಗಡಿಯಾರದ ಅಂಗಡಿಯಲ್ಲಿ ಸಿಗುವಂಥದ್ದೇ. ನಿಮ್ಮದರಲ್ಲಿ ಅದನ್ನು ಬೋರ್ಡಿಗೆ ಬೆಸೆದಿದ್ದರೆ ಹೋಲ್ಡರ್ ಹಾಕಿಸಿಕೊಳ್ಳಿ, ಮುಂದಿನ ಸಲ ನೀವೇ ಬದಲಿಸಬಹುದು.

ಇನ್ನು ನಡುವೆ ಸುಮ್ಮನಾದದ್ದು. ಅಡಾಪ್ಟರ್ ಯಾವುದು? ಮೂಲದ್ದು ಕಳೆದುಹೋಗಿ ಸಂತೆಯ ಅಡಾಪ್ಟರ್ ಸಿಕ್ಕಿಸಿದ್ದೀರಿ ಎಂದು ನನ್ನ ಊಹೆ. ಪಿನ್ನು ಸಡಿಲವಿದ್ದರೆ ತಬಲಾದ ಏಟಿಗೇ ಕರೆಂಟು ಹೋಗುತ್ತದೆ, ಜನರೇಟರ್ ಮೇಲೆ ಗೂಬೆ ಕೂರಿಸುತ್ತೀರಿ. ಮುಚ್ಚಳ ಬಿಚ್ಚದೆ ತೀರ್ಪು ಕೊಡುವವನು ಮೆಕ್ಯಾನಿಕ್ ಅಲ್ಲ, ಜ್ಯೋತಿಷಿ.

ರಸಮಂಜರಿ_ಕೀಬೋರ್ಡು
ಸಂತೆಯ ಅಡಾಪ್ಟರೇ. ನೀವೂ ಸ್ವಲ್ಪ ಜ್ಯೋತಿಷಿಯೇ ಎನ್ನಿ. ಕೊರಿಯರ್ ಮಾಡುತ್ತೇನೆ. ಆದರೂ ಬದಲಿ ಬೇಕು. ಒಂದೇ ಡಬ್ಬಿಯನ್ನು ನಂಬಿ ವೇದಿಕೆ ಹತ್ತುವ ಧೈರ್ಯ ಉಳಿದಿಲ್ಲ.

ವಿಳಂಬರೇಖೆ
ಕ್ಯಾಲಿಫೋರ್ನಿಯಾದ ಸನಿವೇಲ್‌ನಲ್ಲಿ ಆಡಿಯೊ ಸಾಫ್ಟ್‌ವೇರ್ ಕೆಲಸ ಮಾಡುತ್ತೇನೆ. ಊರು ತುಮಕೂರು. ನಿಮ್ಮ ಡಬ್ಬಿಯ ತವರು ನನ್ನ ಮನೆಯಿಂದ ಸ್ವಲ್ಪ ದೂರದಲ್ಲೇ ಇರುವುದರಿಂದ ನಾಲ್ಕು ಮಾತು ಹೆಚ್ಚಾಗಿ ಆಡುತ್ತೇನೆ, ಸಹಿಸಿಕೊಳ್ಳಿ.

ಡಬ್ಬಿಯ ಮೇಲೆ ಯಮಹಾ ಎಂದಿದ್ದರೂ ಮೂಲ ಯೋಚನೆ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ್ದು. 1983ರಲ್ಲಿ ಕಾರ್ಪ್ಲಸ್ ಮತ್ತು ಸ್ಟ್ರಾಂಗ್ ಎಂಬಿಬ್ಬರು ಒಂದು ಸರಳ ತಂತ್ರ ಪ್ರಕಟಿಸಿದರು. ಕಂಪ್ಯೂಟರಿನ ನೆನಪಿನಲ್ಲಿ ಸಂಖ್ಯೆಗಳ ಒಂದು ಸಾಲು ತೆಗೆದುಕೊಳ್ಳಿ. ಅದರಲ್ಲಿ ಗೊತ್ತುಗುರಿಯಿಲ್ಲದ ಸದ್ದು ತುಂಬಿ. ಸಾಲಿನ ಕೊನೆಯಿಂದ ಹೊರಬಂದದ್ದನ್ನು ಪಕ್ಕದ ಸಂಖ್ಯೆಯೊಂದಿಗೆ ಸರಾಸರಿ ಮಾಡಿ ಮತ್ತೆ ಮೊದಲಿಗೆ ಸೇರಿಸಿ. ಸುತ್ತುತ್ತಾ ಸುತ್ತುತ್ತಾ ಅದು ಮೀಟಿದ ತಂತಿಯಂತೆ ನುಡಿದು ಮೆಲ್ಲಗೆ ಆರಿಹೋಗುತ್ತದೆ. ಸೆಕೆಂಡಿಗೆ 44,100 ಸ್ಯಾಂಪಲ್‌ಗಳ, ಅಂದರೆ ಅಷ್ಟು ಸಂಖ್ಯೆಗಳ, ಲೆಕ್ಕದಲ್ಲಿ 440 ಹರ್ಟ್ಜ್ ಸ್ವರ ಬೇಕಾದರೆ ಸಾಲಿನ ಉದ್ದ ಸುಮಾರು 100. ಇಷ್ಟೇ ತಂತಿ. ಇಂಥ ಸಾಲಿಗೆ ವಿಳಂಬರೇಖೆ ಎನ್ನುತ್ತಾರೆ, ನನ್ನ ಅಡ್ಡಹೆಸರಿನ ಗುಟ್ಟೂ ಇದೇ.

ಸ್ಟ್ಯಾನ್‌ಫರ್ಡಿನ ಜೂಲಿಯಸ್ ಸ್ಮಿತ್ ಇದನ್ನು ಊದುವ ಕೊಳವೆಗೂ ಪಿಟೀಲಿನ ಕಮಾನಿಗೂ ಹೊಂದುವ ಹಾಗೆ ಬೆಳೆಸಿದರು. ಕ್ಲಾರಿನೆಟ್ ನೋಡಿ. ಕೊಳವೆಯ ಒಂದು ತುದಿಯಲ್ಲಿ ರೀಡ್, ಇನ್ನೊಂದು ತುದಿ ತೆರೆದ ಬಾಯಿ. ಒತ್ತಡದ ಅಲೆ ತೆರೆದ ಬಾಯಿಗೆ ಬಡಿದು ತಲೆಕೆಳಗಾಗಿ ಹಿಂತಿರುಗುತ್ತದೆ. ವಾದ್ಯವನ್ನು ಹೀಗೆ ಲೆಕ್ಕದಲ್ಲಿ ಕಟ್ಟಿದ ಮಾದರಿಯಲ್ಲಿ ನಾವು ಮಾಡುವುದು ಒಂದು ಮೈನಸ್ ಚಿಹ್ನೆ ಹಾಕುವುದು, ಅಷ್ಟೇ. ಆ ಒಂದು ಗೀಟಿನಿಂದ ಸ್ವರ ಒಂದು ಸ್ಥಾಯಿ ಕೆಳಗೆ ಇಳಿಯುತ್ತದೆ, ಸಮಸಂಖ್ಯೆಯ ಉಪಸ್ವರಗಳು ಮಾಯವಾಗುತ್ತವೆ, ಕ್ಲಾರಿನೆಟ್ಟಿನ ಆ ಟೊಳ್ಳು ದನಿ ಬರುತ್ತದೆ. ರೀಡ್ ಎಂದರೆ ಒತ್ತಡಕ್ಕೆ ತಕ್ಕಂತೆ ತೆರೆದು ಮುಚ್ಚುವ ಬಾಗಿಲು. ಮೆಲ್ಲಗೆ ಊದಿದರೆ ಬರೀ ಗಾಳಿ, ಒಂದು ಹದ ದಾಟಿದೊಡನೆ ಸ್ವರ ಹುಟ್ಟುತ್ತದೆ, ಅತಿಯಾದರೆ ಬಾಗಿಲು ಮುಚ್ಚಿಕೊಂಡು ಉಸಿರು ಕಟ್ಟುತ್ತದೆ. ಈ ಹದವನ್ನು ಯಾರೂ ರೆಕಾರ್ಡ್ ಮಾಡಿಟ್ಟಿಲ್ಲ. ಆ ಕ್ಷಣದ ಲೆಕ್ಕದಲ್ಲಿ ಅದು ತಾನಾಗಿ ಆಗುತ್ತದೆ. ನೀವು ‘ಗೋಡೆಗೆ ಊದಿದ ಹಾಗೆ’ ಎಂದದ್ದು ಇದರ ಕೊರತೆಯನ್ನೇ. ಸ್ಯಾಂಪಲ್ ನಿಮ್ಮ ಉಸಿರಿಗೆ ಜೋರು, ಮೆದು ಎಂಬುದನ್ನು ಮಾತ್ರ ಬದಲಿಸುತ್ತದೆ. ಮಾದರಿ ನಿಮ್ಮ ಉಸಿರಿನೊಂದಿಗೆ ಜಗಳವಾಡುತ್ತದೆ.

ಯಮಹಾ ಇದನ್ನು ಪರವಾನಗಿ ಪಡೆದು 1994ರಲ್ಲಿ ವಿಎಲ್1 ತಂದಿತು. ಅಷ್ಟು ದೊಡ್ಡ ವಾದ್ಯದಿಂದ ಏಕಕಾಲಕ್ಕೆ ಹೊರಡುತ್ತಿದ್ದದ್ದು ಎರಡೇ ಸ್ವರ! 1996ರ ನಿಮ್ಮ ವಿಎಲ್70-ಎಂಗೆ ಒಂದೇ. ಈಗಿನ ಸಾಮಾನ್ಯ ಫೋನಿಗೂ ಆ ಲೆಕ್ಕ ಭಾರವಲ್ಲ. ಆ ಕಾಲದ ಪೇಟೆಂಟುಗಳ ಅವಧಿಯೂ ಮುಗಿದಿದೆ. ಹಾಗಿದ್ದೂ ಈಗಿನ ಕಂಪ್ಯೂಟರಿಗೆ ಯಮಹಾದ್ದೇ ವಿಎಲ್ ಪ್ಲಗಿನ್ (ಸಂಗೀತ ಸಾಫ್ಟ್‌ವೇರಿನೊಳಗೆ ಸೇರಿಸಿಕೊಳ್ಳುವ ವಾದ್ಯ) ಇಲ್ಲ. ವಿಂಡೋಸ್ 98ರ ದಿನಗಳಲ್ಲಿ ಎಸ್-ವೈಎಕ್ಸ್‌ಜಿ100 ಎಂಬ ಅವರ ಸಾಫ್ಟ್‌ವೇರಿನಲ್ಲಿ ವಿಎಲ್ ಭಾಗವೂ ಇತ್ತು. ಹಳೆಯ ಯಂತ್ರ ಇಟ್ಟುಕೊಂಡು ಅದನ್ನು ಓಡಿಸುವ ಹುಚ್ಚರು ಇದ್ದಾರೆ. ವೇದಿಕೆಗೆ ಅದು ಬೇಡ.

ಆದ್ದರಿಂದ ಮಿತಭಾಷಿಗಳ ಮಾತಿಗೆ ನನ್ನ ಸಹಮತವಿದೆ. ರೆಸ್ಪಿರೊ ಮಾಡಿದ್ದೇ ಊದುವವರಿಗಾಗಿ. ಸ್ವಾಭಾವಿಕ ವಾದ್ಯದ ದನಿಯೇ ಬೇಕೆಂದರೆ ಆಡಿಯೊ ಮಾಡೆಲಿಂಗ್ ಅವರ ಸ್ವಾಮ್ ಸರಣಿ ನೋಡಿ. ಅದರಲ್ಲಿ ಕೊಳಲುಗಳು, ಸ್ಯಾಕ್ಸ್‌ಗಳು, ಕ್ಲಾರಿನೆಟ್‌ಗಳು ಬೇರೆ ಬೇರೆಯಾಗಿ ಸಿಗುತ್ತವೆ, ಐಪ್ಯಾಡಿಗೂ ಇದೆ. ಆದರೆ ಸ್ವಾಮ್ ಸಜ್ಜನ. ವಿಎಲ್‌ನಲ್ಲಿ ಕಮಾನಿನಿಂದ ಕೊಳವೆಯನ್ನು ಉಜ್ಜಬಹುದು, ರೀಡಿನಿಂದ ತಂತಿಯನ್ನು ಊದಬಹುದು. ಅಂಥ ಪೋಕರಿತನ ಸ್ವಾಮ್‌ನಲ್ಲಿಲ್ಲ. ಆ ಬಗೆಯ ಕಿಡಿಗೇಡಿ ಕೆಲಸಕ್ಕೆ ಫ್ರಾನ್ಸಿನ ಅವೋಡಿಯೊದವರ ಅನೀಮಾ ವಿ ಪ್ಲಗಿನ್ ಹೆಚ್ಚು ಹತ್ತಿರ.

ಬಿದಿರುಕೊಳಲು
ನಾನು ಉಡುಪಿಯಲ್ಲಿ ಕೊಳಲು ಪಾಠ ಹೇಳುವವನು. ಅಸಮಾಧಾನ ಮುಚ್ಚಿಡದೆ ಹೇಳುತ್ತೇನೆ. ಸ್ಟ್ಯಾನ್‌ಫರ್ಡ್, ಪೇಟೆಂಟು, ಮೈನಸ್ ಚಿಹ್ನೆ ಎಲ್ಲ ಸರಿ. ಇನ್ನೂರು ರೂಪಾಯಿಯ ಬಿದಿರಿಗೆ ಇಷ್ಟು ಸುತ್ತುಬಳಸು ಏಕೆ? ಕೊಳಲಿನವರನ್ನು ಕರೆಯಿರಿ. ನನ್ನ ಮೂವರು ಶಿಷ್ಯರು ಕಾರ್ಯಕ್ರಮವಿಲ್ಲದೆ ಕುಳಿತಿದ್ದಾರೆ. ಇನ್ನೊಂದು ಮಾತು. ಕೀಲಿಯ ಮೇಲೆ ಗಮಕ ಬರುವುದಿಲ್ಲ. ಗಾಂಧಾರದಿಂದ ಪಂಚಮಕ್ಕೆ ಜಾರುವಾಗ ಬೆರಳು ರಂಧ್ರವನ್ನು ಎಷ್ಟು ತೆರೆಯುತ್ತದೆ, ತುಟಿ ಎಷ್ಟು ಮುಂದೆ ಬರುತ್ತದೆ, ಎರಡೂ ಸೇರಿ ಆಗುವ ಕೆಲಸ ಅದು. ಕೀಬೋರ್ಡಿನ ಪಕ್ಕದ ಸ್ವರ ಜಾರಿಸುವ ಚಕ್ರ ತಿರುಗಿಸಿದರೆ ಅದು ಜಾರು ಅಲ್ಲ, ಜಾರಿಬಿದ್ದದ್ದು.

ರಸಮಂಜರಿ_ಕೀಬೋರ್ಡು
ಬಿದಿರುಕೊಳಲು ಅವರೇ, ನಿಮ್ಮ ಮಾತನ್ನು ತಲೆಬಾಗಿ ಒಪ್ಪುತ್ತೇನೆ. ಆದರೆ ನಮ್ಮ ಸಂಘಟಕರು ಐದು ಜನರಿಗೆ ಕೊಡುವ ಹಣದಲ್ಲಿ ಏಳು ಜನ ಹೋಗಿ ನಾಲ್ಕು ಜನರ ಊಟ ಹಂಚಿಕೊಳ್ಳುವ ಪರಿಸ್ಥಿತಿ ಇದೆ. ಒಂದು ಹಾಡಿನಲ್ಲಿ ಎಂಟು ಸೆಕೆಂಡಿನ ಕೊಳಲು, ಮುಂದಿನದರಲ್ಲಿ ಸ್ಯಾಕ್ಸ್, ಅದರ ಮುಂದಿನದರಲ್ಲಿ ಶಹನಾಯಿ. ದೊಡ್ಡ ಕಾರ್ಯಕ್ರಮ ಬಂದಾಗ ನಿಮ್ಮ ಶಿಷ್ಯರನ್ನು ಖಂಡಿತ ಕರೆಯುತ್ತೇನೆ, ವಿಳಾಸ ಖಾಸಗಿಯಾಗಿ ಕಳಿಸಿ.

ಚಕ್ರದ ವಿಚಾರದಲ್ಲಿ ನಿಮ್ಮದು ಅರ್ಧ ಸರಿ. ಚಕ್ರದ ವ್ಯಾಪ್ತಿಯನ್ನು ಎರಡು ಅರ್ಧಸ್ವರಕ್ಕೆ ಬಿಟ್ಟರೆ ನೀವು ಹೇಳಿದ ಹಾಗೆಯೇ ಆಗುತ್ತದೆ. ನಾನು ಗ-ಪ ಜಾರಿಗೆ ಚಕ್ರವನ್ನು ಮುಟ್ಟುವುದೇ ಇಲ್ಲ. ಎರಡು ಕೀಲಿಗಳನ್ನು ಕೂಡಿಸಿ ಒತ್ತಿ, ಅದೇ ಗಳಿಗೆಯಲ್ಲಿ ಉಸಿರನ್ನು ಒಂದಿಷ್ಟು ಕುಗ್ಗಿಸಿ ಮತ್ತೆ ಏರಿಸುತ್ತೇನೆ. ನಿಮ್ಮ ತುಟಿಯ ಕೆಲಸದಲ್ಲಿ ನಾಲ್ಕಾಣೆ ಅಲ್ಲಿ ಬರುತ್ತದೆ. ಹನ್ನೆರಡಾಣೆ ಬರುವುದಿಲ್ಲ.

ಕಾಸಿಲ್ಲದ_ಕಚ್ಚಾಳು
ಶಿವಮೊಗ್ಗದಲ್ಲಿ ಎಂಜಿನಿಯರಿಂಗ್ ಎರಡನೆಯ ವರ್ಷ. ನನ್ನ ಲ್ಯಾಪ್‌ಟಾಪ್ ಹಳೆಯದು, ಅದರಲ್ಲಿರುವುದು ಲಿನಕ್ಸ್. ಮೇಲೆ ಹೇಳಿದವೆಲ್ಲ ಹಣ ಕೊಡಬೇಕಾದವು. ಕದಿಯಲು ಮನಸ್ಸಿಲ್ಲ. ಉಚಿತವಾಗಿ ಸಿಗುವುದೇನಾದರೂ ಇದ್ದರೆ ಹೇಳುತ್ತೀರಾ ಸರ್?

ವಿಳಂಬರೇಖೆ
ಕಚ್ಚಾಳು, ನಿಮಗೆ ಸಿಗುವ ಹಬ್ಬ ಹಣವಿದ್ದವರಿಗೂ ಸಿಗುವುದಿಲ್ಲ.

ಮೊದಲು ಸಿಂಥ್‌ನ ಬಿಡಿಭಾಗಗಳನ್ನು ಪರದೆಯ ಮೇಲೆ ಜೋಡಿಸುವ ವಿಸಿವಿ ರ‍್ಯಾಕ್ ಹಾಕಿಕೊಳ್ಳಿ. ಉಚಿತ ಆವೃತ್ತಿ ಲಿನಕ್ಸಿಗೂ ಇದೆ. ಅದರಲ್ಲಿ ಆಡಿಬಲ್ ಇನ್‌ಸ್ಟ್ರುಮೆಂಟ್ಸ್ ಎಂಬ ಕಟ್ಟು ಸೇರಿಸಿ. ಮ್ಯೂಟಬಲ್ ಇನ್‌ಸ್ಟ್ರುಮೆಂಟ್ಸ್ ಎಂಬ ಫ್ರೆಂಚ್ ಸಂಸ್ಥೆ ತನ್ನ ಯಂತ್ರಗಳ ಕೋಡನ್ನು ಎಲ್ಲರಿಗೂ ತೆರೆದಿಟ್ಟಿದ್ದರಿಂದ ಅವು ಇಲ್ಲಿಗೂ ಬಂದಿವೆ. ಅದರಲ್ಲಿ 2014ರ ಎಲಿಮೆಂಟ್ಸ್ ಎಂಬುದನ್ನು ಹಿಡಿಯಿರಿ. ಉಜ್ಜು, ಊದು, ಬಡಿ ಎಂಬ ಮೂರು ಗುಂಡಿಗಳು ಬೇರೆ ಬೇರೆ ಇವೆ. ಮೂರನ್ನೂ ಒಂದೇ ಅನುರಣಕಕ್ಕೆ (ಕಂಪಿಸಿ ಮೊಳಗುವ ಭಾಗಕ್ಕೆ) ಉಣಿಸಬಹುದು. ವಿಎಲ್‌ನ ಕೊಳವೆ ಲೆಕ್ಕ ಇದಲ್ಲ, ಇಲ್ಲಿ ವಸ್ತುವಿನ ಕಂಪನಗಳನ್ನು ಬಿಡಿಬಿಡಿಯಾಗಿ ಎಣಿಸಿ ಕೂಡಿಸುತ್ತಾರೆ. ಹಾಗಾಗಿ ಗಂಟೆ, ತಟ್ಟೆ, ಕಂಚಿನ ಬಟ್ಟಲು ಅದ್ಭುತ. ಸ್ಯಾಕ್ಸ್ ಬೇಡಿದರೆ ಕೈಕೊಡುತ್ತದೆ.

ಸರ್ಜ್ ಎಕ್ಸ್‌ಟಿ ಎಂಬ ಉಚಿತ ಸಿಂಥ್‌ನಲ್ಲಿ ತಂತಿ ಆಸಿಲೇಟರ್ (ದನಿ ಹುಟ್ಟಿಸುವ ಭಾಗ) ಒಂದಿದೆ. ಒಮ್ಮೆ ಮೀಟಿ ಬಿಡುವುದಷ್ಟೇ ಅಲ್ಲ, ನಿರಂತರವಾಗಿ ಚೋದನೆ ಕೊಡುತ್ತಲೂ ಇರಬಹುದು. ಅದಕ್ಕೆ ಉಸಿರನ್ನು ಜೋಡಿಸಿ ನೋಡಿ, ಹೆಸರಿಲ್ಲದ ವಾದ್ಯವೊಂದು ಹುಟ್ಟುತ್ತದೆ.

ನೀವು ಎಂಜಿನಿಯರಿಂಗ್ ಓದುವವರು, ಹಾಗಾಗಿ ಇನ್ನೊಂದು. ಪೆರಿ ಕುಕ್ ಮತ್ತು ಗ್ಯಾರಿ ಸ್ಕಾವೋನೆ ಅವರ ಎಸ್‌ಟಿಕೆ ಎಂಬ ಕೋಡ್ ಕಟ್ಟು 1990ರ ದಶಕದಿಂದ ಇದೆ. ಕ್ಲಾರಿನೆಟ್, ಸ್ಯಾಕ್ಸ್, ಕೊಳಲು, ಹಿತ್ತಾಳೆ, ಕಮಾನಿನ ತಂತಿ, ಎಲ್ಲವೂ ಒಂದೊಂದು ಪುಟದಷ್ಟೇ ಕೋಡು. ಸಿತಾರ್ ಎಂಬುದೂ ಒಂದಿದೆ, ಆದರೆ ಅದು ಒಂಟಿ ತಂತಿ. ಬುರುಡೆಯೂ ಇಲ್ಲ, ತಾವಾಗಿ ಅನುರಣಿಸುವ ತರಬ್ ತಂತಿಗಳೂ ಇಲ್ಲ, ಹೆಸರೊಂದು ಮಾತ್ರ ಘನ. ಓದಲು ಬೇಜಾರಾದರೆ ದನಿಯ ಲೆಕ್ಕಕ್ಕೆಂದೇ ಇರುವ ಫೌಸ್ಟ್ ಎಂಬ ಪ್ರೋಗ್ರಾಮಿಂಗ್ ಭಾಷೆ ಕಲಿಯಿರಿ. ಬ್ರೌಸರಿನಲ್ಲೇ ಓಡುತ್ತದೆ, ಭೌತಿಕ ಮಾದರಿಗಳ ದೊಡ್ಡ ಸಂಗ್ರಹ ಒಳಗೇ ಇದೆ. ಜೂಲಿಯಸ್ ಸ್ಮಿತ್ ತಮ್ಮ ಪುಸ್ತಕಗಳನ್ನೂ ಪೂರ್ತಿಯಾಗಿ ಜಾಲದಲ್ಲಿ ಓದಲು ಬಿಟ್ಟಿದ್ದಾರೆ. ಕ್ಲಾರಿನೆಟ್ಟಿನ ಮೈನಸ್ ಚಿಹ್ನೆಯನ್ನು ಅಳಿಸಿ ಕೇಳಿ, ಮತ್ತೆ ಹಾಕಿ ಕೇಳಿ. ಒಂದು ಸಂಜೆ ಸಾರ್ಥಕ.

ಪಿಟೀಲು_ಮಲ್ಲೇಶ್ವರ
ಮೂರು ದಿನದಿಂದ ಸುಮ್ಮನೆ ಓದುತ್ತಿದ್ದೆ. ಎಲ್ಲವೂ ಸ್ಟ್ಯಾನ್‌ಫರ್ಡಿನಲ್ಲೇ ಹುಟ್ಟಿತು ಎಂಬ ಧಾಟಿ ಕಂಡು ಬಾಯಿ ತೆರೆಯಬೇಕಾಯಿತು.

ಕಮಾನಿನಡಿ ತಂತಿ ಹೇಗೆ ಅಲುಗುತ್ತದೆ ಎಂಬುದರ ಗಣಿತವನ್ನು 1918ರಲ್ಲೇ ಕಲ್ಕತ್ತೆಯಲ್ಲಿ ಕುಳಿತು ಬರೆದವರು ಸಿ. ವಿ. ರಾಮನ್. ಆಗ ಅವರಿಗೆ ಸುಮಾರು ಮೂವತ್ತು ವರ್ಷ. ಕಮಾನು ತಂತಿಯನ್ನು ಹಿಡಿದು ಎಳೆದೊಯ್ಯುತ್ತದೆ, ತಂತಿ ಜಾರಿ ಹಿಂದೆ ಬರುತ್ತದೆ, ಮತ್ತೆ ಹಿಡಿಯುತ್ತದೆ. ಆ ಅಲೆಗಳು ತಂತಿಯ ಎರಡೂ ಕಡೆಗೆ ಓಡಿ, ತುದಿಗೆ ಬಡಿದು ಹಿಂತಿರುಗಿ ಮತ್ತೆ ಕಮಾನನ್ನು ಮುಟ್ಟುತ್ತವೆ ಎಂದು ಅವರು ಲೆಕ್ಕ ಹಾಕಿದರು. ವಿಳಂಬರೇಖೆ ಅವರೇ, ಇದು ನಿಮ್ಮ ಅಡ್ಡಹೆಸರೇ ಅಲ್ಲವೇ? ಕಂಪ್ಯೂಟರ್ ಇರಲಿಲ್ಲ, ಕಾಗದವಿತ್ತು. 1983ರಲ್ಲಿ ಮ್ಯಾಕಿಂಟೈರ್, ಶೂಮಾಕರ್ ಮತ್ತು ವುಡ್‌ಹೌಸ್ ಎಂಬ ಮೂವರು ಕಮಾನು, ರೀಡು, ಕೊಳಲು ಎಲ್ಲಕ್ಕೂ ಹೊಂದುವ ಕಂಪ್ಯೂಟರ್ ಲೆಕ್ಕ ಕೊಟ್ಟಾಗ ಅವರ ಬೆನ್ನಹಿಂದೆ ರಾಮನ್ ಇದ್ದರು.

ಆಮೇಲೆ 1921ರಲ್ಲಿ ರಾಮನ್ ತಂಬೂರಿ ಮತ್ತು ವೀಣೆಯ ಕುದುರೆಯ (ತಂತಿ ಆತುಕೊಳ್ಳುವ ಸೇತುವೆಯ) ಬಗ್ಗೆ ಬರೆದರು. ತಂತಿಯನ್ನು ಯಾವ ಬಿಂದುವಿನಲ್ಲಿ ಮೀಟುತ್ತೇವೋ ಅಲ್ಲಿ ನಿಶ್ಚಲವಾಗಿರಬೇಕಾದ ಉಪಸ್ವರಗಳು ಕೇಳಿಸಬಾರದು, ಇದು ಪುಸ್ತಕದ ನಿಯಮ. ತಂಬೂರಿಯಲ್ಲಿ ಅವು ಕೇಳಿಸುತ್ತವೆ! ಕಾರಣ ಅಗಲವಾಗಿ ಬಾಗಿದ ಕುದುರೆ. ತಂತಿ ಅದರ ಬೆನ್ನನ್ನು ಮುಟ್ಟುತ್ತಾ ಬಿಡುತ್ತಾ ಹೋಗುತ್ತದೆ. ನಾವು ತಂತಿಯ ಕೆಳಗೆ ದಾರ ಸರಿಸಿ ಸರಿಸಿ ಜೀವಾಳ ಹಿಡಿಯುತ್ತೇವಲ್ಲ, ಕೂದಲೆಳೆಯಷ್ಟು ಆಚೆ ಹೋದರೆ ಸತ್ತ ತಂತಿ, ಈಚೆ ಬಂದರೆ ಜೇನುಗೂಡು, ಅದೇ ಇದು. ಬೆಲ್‌ಫಾಸ್ಟಿನ ಕ್ವೀನ್ಸ್ ವಿಶ್ವವಿದ್ಯಾಲಯದಲ್ಲಿ ಆ ದಾರವನ್ನೂ ಸೇರಿಸಿ ತಂಬೂರಿಯ ಮಾದರಿ ಮಾಡಿದ್ದಾರೆ. ನನ್ನ ಮನೆಯಲ್ಲಿ ಈಗಲೂ ಮರದ ತಂಬೂರಿಯೇ ಇರುವುದು, ಆದರೂ ಆ ಸುದ್ದಿ ಕೇಳಿ ಸಂತೋಷವಾಯಿತು.

ತಂತಿಯ ಸಾಫ್ಟ್‌ವೇರ್ ಬೇಕಾದವರಿಗೆ: ಮಾಂಟ್ರಿಯಲ್‌ನ ಎಎಎಸ್ ಅವರ ಸ್ಟ್ರಿಂಗ್ ಸ್ಟುಡಿಯೊ ನಾನು ಬಳಸಿದ್ದೇನೆ. ಏಬಲ್ಟನ್ ಎಂಬ ಸಂಗೀತ ಸಾಫ್ಟ್‌ವೇರಿನೊಳಗಿನ ಟೆನ್ಷನ್ ಕೂಡ ಅವರ ಕೈಯದೇ. ಮ್ಯಾಕ್ ಇದ್ದವರಿಗೆ ಲಾಜಿಕ್ ಎಂಬ ಸಂಗೀತ ಸಾಫ್ಟ್‌ವೇರಿನೊಳಗೆ 2004ರಿಂದಲೂ ಸ್ಕಲ್ಪ್ಚರ್ ಇದೆ. ನೈಲಾನು, ಮರ, ಉಕ್ಕು, ಗಾಜು ಎಂಬ ನಾಲ್ಕು ಮೂಲೆಯ ಚೌಕದಲ್ಲಿ ಚುಕ್ಕಿಯನ್ನು ಎಳೆದಾಡುತ್ತಾ ತಂತಿಯ ವಸ್ತುವನ್ನು ಬದಲಿಸಬಹುದು. ನುಡಿಸುತ್ತಿರುವಾಗಲೇ ಮರ ಗಾಜಾಗುವುದನ್ನು ಕೇಳಿದರೆ ಮೈ ಜುಮ್ಮೆನ್ನುತ್ತದೆ. ಕಮಾನು ಮಾತ್ರ ಎರಡರಲ್ಲೂ ನನಗೆ ಸಮಾಧಾನ ತಂದಿಲ್ಲ. ಕಮಾನು ತಿರುಗಿಸುವ ಆ ಅರೆಗಳಿಗೆಯ ಮೌನ ಅವುಗಳಿಗೆ ಬರುವುದಿಲ್ಲ.

ವಿಳಂಬರೇಖೆ
ಅಕ್ಕಾ, ಕಿವಿ ಹಿಂಡಿದ್ದಕ್ಕೆ ಕೃತಜ್ಞ. ರಾಮನ್ ಹೆಸರನ್ನು ನಾನೇ ಮೊದಲು ಬರೆಯಬೇಕಿತ್ತು.

ಕೊರ್ಗ್_ಪಕ್ಷಪಾತಿ
ವಿಎಲ್ ಒಂದೇ ದೇವರಲ್ಲ. 1995ರ ಕೊರ್ಗ್ ಪ್ರೊಫೆಸಿಯನ್ನು ಯಾರೂ ನೆನೆಯಲಿಲ್ಲವಲ್ಲ! ಮೂರು ಸ್ಥಾಯಿಯ ಪುಟ್ಟ ಕೀಬೋರ್ಡು, ಎಡಗಡೆ ಚಪಾತಿ ಲಟ್ಟಣಿಗೆಯಂಥ ಉರುಳೆ, ಅದರ ಬೆನ್ನ ಮೇಲೆ ಬೆರಳು ಜಾರಿಸಲು ಪಟ್ಟಿ. ಅದರಲ್ಲಿ ಹಿತ್ತಾಳೆ, ರೀಡು, ಮೀಟು ತಂತಿ ಮಾದರಿಗಳ ಜೊತೆಗೆ ಹಳೆಯ ಅನಲಾಗ್ ಸಿಂಥ್‌ಗಳ ಅನುಕರಣೆಯೂ ಇತ್ತು. ಎರಡು ವರ್ಷದ ನಂತರ ಏಕಕಾಲಕ್ಕೆ ಹನ್ನೆರಡು ಸ್ವರ ನುಡಿಸುವ ಝಡ್1 ಬಂತು. ಮುಖ್ಯ ಮಾತೇನೆಂದರೆ, ಪ್ರೊಫೆಸಿಯನ್ನು ಕೊರ್ಗ್ ತಾನೇ 2021ರಲ್ಲಿ ಪ್ಲಗಿನ್ ಆಗಿ ಹೊರತಂದಿದೆ. ತಂದೆಯೇ ಮಾಡಿದ ತದ್ರೂಪಿ. ಬೇರೆಯವರ ಕೈಯಲ್ಲಿ ಮಾಡಿಸಿದ ಅನುಕರಣೆಯಲ್ಲ.

ರಸಮಂಜರಿ_ಕೀಬೋರ್ಡು
ಪ್ರೊಫೆಸಿಯನ್ನು ಒಮ್ಮೆ ಹುಬ್ಬಳ್ಳಿಯ ಗೆಳೆಯರ ಬಳಿ ಮುಟ್ಟಿದ್ದೇನೆ. ಲಟ್ಟಣಿಗೆ ಚೆನ್ನ. ಆದರೆ ಅದು ಬೆರಳಿನ ವಾದ್ಯ, ನನ್ನದು ಉಸಿರಿನ ರೋಗ.

ಈಗ ವರದಿ ಒಪ್ಪಿಸುತ್ತೇನೆ, ಸ್ವಲ್ಪ ಉದ್ದವಾಗುತ್ತದೆ. ಎರಡು ವಾರ ಕೂತು ನೋಡಿದ್ದೇನೆ.

ಮೊದಲ ತೊಡಕು ಉಸಿರನ್ನು ಕಂಪ್ಯೂಟರಿಗೆ ಮುಟ್ಟಿಸುವುದೇ. ನನ್ನ ಬಿಸಿ3ಯ ತುದಿಯಲ್ಲಿರುವುದು ಹೆಡ್‌ಫೋನಿನಂಥ ಪಿನ್ನು. ಅದು ಹೋಗಿ ಸೇರಲು ನನ್ನ ಡಬ್ಬಿಯಂತೆ ಉಸಿರಿನ ತೂತು ಇರುವ ಹಳೆಯ ಯಂತ್ರವೇ ಬೇಕು, ನನ್ನ ಈಗಿನ ಕೀಬೋರ್ಡಿನಲ್ಲಿ ಅದಿಲ್ಲ. ಹೀಗಾಗಿ ಸ್ವೀಡನ್ನಿನ ಟಿಇಕಂಟ್ರೋಲ್ ಅವರ ಯುಎಸ್‌ಬಿ ಉಸಿರು ಕಂಟ್ರೋಲರ್ ತರಿಸಿದೆ. ಸಾಫ್ಟ್‌ವೇರಿಗೆ ತೆತ್ತದ್ದಕ್ಕಿಂತ ಇದಕ್ಕೆ ತೆತ್ತದ್ದೇ ನೋವು. ಕೊಳ್ಳುವವರು ಮೊದಲು ಈ ಲೆಕ್ಕ ಹಾಕಿಕೊಳ್ಳಿ.

ಗೆಳೆಯರೊಬ್ಬರ ಐಪ್ಯಾಡಿನಲ್ಲಿ ಸ್ವಾಮ್ ಕೊಳಲು ತೆರೆದೆವು. ಕೀಲಿ ಒತ್ತಿದರೆ ಮೌನ. ಹತ್ತು ನಿಮಿಷ ಕೇಬಲ್ ಜಗ್ಗಾಡಿದೆವು, ಪೆಟ್ಟಿಗೆಯನ್ನು ಬಯ್ದೆವು. ಆಮೇಲೆ ತಿಳಿಯಿತು, ವಾದ್ಯಗಳು ಪರಸ್ಪರ ಮಾತಾಡುವ ಮಿಡಿ ಭಾಷೆಯಲ್ಲಿ ಪ್ರತಿ ನಿಯಂತ್ರಣಕ್ಕೂ ಸಿಸಿ ಎಂಬ ಸಂಖ್ಯೆಯಿದೆ; ಸ್ವಾಮ್ ಕಾಯುವುದು ಸಿಸಿ11ಕ್ಕೆ, ನಾನು ಊದುತ್ತಿದ್ದದ್ದು ಸಿಸಿ2ರಲ್ಲಿ. ಊದದಿದ್ದರೆ ನುಡಿಯುವುದಿಲ್ಲ ಎಂಬ ಹಟ ಅದಕ್ಕೆ. ಹೊಂದಿಸಿದ ಮೇಲೆ ಬಂದ ದನಿ ಕೇಳಿ ಇಬ್ಬರೂ ಸುಮ್ಮನಾದೆವು. ನನ್ನ ಡಬ್ಬಿಗಿಂತ ಎಷ್ಟೋ ಸಹಜ. ಕಣ್ಣು ಮುಚ್ಚಿ ಕೇಳಿದರೆ ಪಾಶ್ಚಾತ್ಯ ಲೋಹದ ಕೊಳಲು ಎದುರಿಗೇ ಇದೆ. ಅದೇ ಅಡ್ಡಿಯೂ ಆಯಿತು. ಅದು ಲೋಹದ ಕೊಳಲು, ಬಿದಿರಲ್ಲ. ಊದಿ ಊದಿ ನೋಡಿದೆ, ಸೀಟಿ ಒಡೆಯಲಿಲ್ಲ.

ರೆಸ್ಪಿರೊ ಬೇರೆ ಜಾತಿ. ದನಿ ಅಷ್ಟು ಸಂಭಾವಿತವಲ್ಲ, ಕೆಲವು ಧ್ವನಿಗಳು ಪ್ಲಾಸ್ಟಿಕ್ ಪೀಪಿಯ ಹಾಗೆ. ಆದರೆ ಉಸಿರು ಹೆಚ್ಚಿಸಿದಾಗ ಸ್ವರ ತಡೆದು, ತಡೆದು, ಥಟ್ಟನೆ ಮೇಲಕ್ಕೆ ಹಾರಿತು ನೋಡಿ, ಆಗ ಗುರುತು ಸಿಕ್ಕಿತು. ಇದೇ ನನ್ನ ಡಬ್ಬಿ ಮಾಡುತ್ತಿದ್ದ ಕಿತಾಪತಿ.

ಒಂದೇ ಒಂದು ಹೊಂದಾಣಿಕೆಯನ್ನು ಹೇಳಿಬಿಡುತ್ತೇನೆ, ಉಳಿದದ್ದು ಅವರವರ ಶ್ವಾಸಕೋಶ. ಮಿಡಿಯಲ್ಲಿ ಉಸಿರಿಗೆ ಸಿಗುವುದು 0ಯಿಂದ 127ರವರೆಗಿನ ಮೆಟ್ಟಿಲುಗಳು. ಕಂಟ್ರೋಲರನ್ನು ಬಂದ ಹಾಗೆಯೇ ಬಿಟ್ಟರೆ ನನ್ನ ಸಾಮಾನ್ಯ ಊದು 90 ದಾಟಿಬಿಡುತ್ತಿತ್ತು. ಮೇಲೆ ಏರಲು ಜಾಗವೇ ಇಲ್ಲ, ಕೆಳಗೆ ಪಿಸುಗುಟ್ಟಲೂ ಆಗದು. ವಕ್ರರೇಖೆಯನ್ನು ಬಗ್ಗಿಸಿ ಸಾಮಾನ್ಯ ಊದು 60ರ ಸುತ್ತ ನಿಲ್ಲುವ ಹಾಗೆ ಮಾಡಿದೆ. ಹಳೆಯ ಬಿಸಿ3ಯಲ್ಲಿ ಈ ಕೆಲಸವನ್ನು ಎರಡು ಪುಟ್ಟ ತಿರುಪುಗಳಿಂದ ಕಡ್ಡಿ ಹಾಕಿ ಮಾಡುತ್ತಿದ್ದೆ. ಬಫರ್, ಅಂದರೆ ಕಂಪ್ಯೂಟರ್ ಒಂದು ಸಲಕ್ಕೆ ಲೆಕ್ಕ ಹಾಕುವ ಸ್ಯಾಂಪಲ್‌ಗಳ ಸಂಖ್ಯೆ, 128ಕ್ಕೆ ಇಟ್ಟಿದ್ದೇನೆ, ಅಂದರೆ ಮೂರು ಮಿಲಿಸೆಕೆಂಡಿನ ಆಸುಪಾಸು. 512 ಇಟ್ಟಾಗ ಹನ್ನೊಂದೂವರೆ. ಕಿವಿಗೆ ಅದು ತಿಳಿಯಲಿಲ್ಲ, ನಾಲಿಗೆಗೆ ತಿಳಿಯಿತು. ತುತ್ತುಕಾರ ಹಾಕಿದ ಮೇಲೆ ಸ್ವರ ಬಂದು ಸೇರುತ್ತಿತ್ತು.

ಬಿದಿರುಕೊಳಲು
ನೀವು ಖಾಸಗಿಯಾಗಿ ಕಳಿಸಿದ ಮೂರು ತುಣುಕು ಕೇಳಿದೆ. ಮೊದಲನೆಯದು ಸ್ವಾಮ್ ಎಂದುಕೊಂಡೆ. ಶುದ್ಧವಾಗಿದೆ, ಬ್ಯಾಂಡಿನವರ ಕೊಳಲು. ಎರಡನೆಯದು ಯಾವುದೋ ಪ್ರಾಣಿ. ಮೂರನೆಯದರಲ್ಲಿ ಮೇಲಿನ ಷಡ್ಜಕ್ಕೆ ಹೋಗುವ ಮುನ್ನ ಒಂದು ಕ್ಷಣ ಗಾಳಿ ಮಾತ್ರ ಕೇಳಿ, ಸ್ವರ ತಡವಾಗಿ ಹಿಡಿಯಿತು. ನನ್ನ ಎರಡನೆಯ ವರ್ಷದ ಶಿಷ್ಯರೂ ಅಲ್ಲಿ ಹಾಗೆಯೇ ಎಡವುತ್ತಾರೆ. ಅದು ಯಾವುದು?

ರಸಮಂಜರಿ_ಕೀಬೋರ್ಡು
ಮೂರನೆಯದು ಹಳೆಯ ಡಬ್ಬಿ ಸರ್. ಹುಬ್ಬಳ್ಳಿಗೆ ಕಳಿಸುವ ಹಿಂದಿನ ರಾತ್ರಿ ರೆಕಾರ್ಡ್ ಮಾಡಿಟ್ಟದ್ದು. ನೀವು ಪ್ರಾಣಿ ಎಂದದ್ದು ರೆಸ್ಪಿರೊ.

ಮಿತಭಾಷಿ
ಪ್ರಾಣಿಯನ್ನು ಪಳಗಿಸಬೇಕು. ಆರು ತಿಂಗಳು.

ಬೆಸುಗೆಕಡ್ಡಿ
ಡಬ್ಬಿ ತಲುಪಿತು. ಒಳಗೆ ಬ್ಯಾಟರಿ ಪೂರ್ತಿ ಸತ್ತಿತ್ತು, ಹೋಲ್ಡರ್ ಸಹಿತ ಹೊಸದು ಹಾಕಿದ್ದೇನೆ. ಅಡಾಪ್ಟರಿನ ಪಿನ್ನು ನಾನಂದುಕೊಂಡಂತೆಯೇ ಅಲುಗಾಡುತ್ತಿತ್ತು. ತೂತಿನ ಬೆಸುಗೆಯೂ ಬಿರುಕು ಬಿಟ್ಟಿತ್ತು, ಮತ್ತೆ ಬೆಸೆದೆ. ಪರದೆಯ ಹಿಂದಿನ ಬೆಳಕು ಮಾತ್ರ ನನ್ನಿಂದಾಗಲಿಲ್ಲ. ಟಾರ್ಚ್ ಇಟ್ಟುಕೊಳ್ಳಿ. ಇನ್ನು ಮೇಲೆ ಧ್ವನಿಗಳನ್ನು ಮಿಡಿ ಮೂಲಕ ಕಂಪ್ಯೂಟರಿಗೂ ಇಳಿಸಿಡಿ, ಬ್ಯಾಟರಿಯನ್ನು ಅತಿಯಾಗಿ ನಂಬಬೇಡಿ. ನಾಳೆ ಕೊರಿಯರ್.

ಇನ್ನೊಂದು ವಿಷಯ. ಪರೀಕ್ಷೆಗೆಂದು ಆ ಬಿಸಿ3ಯನ್ನು ಬಾಯಿಗೆ ಇಟ್ಟುಕೊಂಡೆ. ಇಪ್ಪತ್ತು ವರ್ಷದ ಜೊಲ್ಲು ಅದರಲ್ಲಿದೆ. ಅದರ ಶುಚಿಗೆ ಬೇರೆ ಬಿಲ್ಲು.

ಕಾಸಿಲ್ಲದ_ಕಚ್ಚಾಳು
ಫೌಸ್ಟ್‌ನಲ್ಲಿ ಕ್ಲಾರಿನೆಟ್ಟಿನ ಮೈನಸ್ ತೆಗೆದು ಕೇಳಿದೆ ಸರ್, ದನಿ ಒಂದು ಸ್ಥಾಯಿ ಮೇಲೆ ಹೋಗುವುದೆಂದು ಕಾದರೆ ಸ್ವರವೇ ಬರಲಿಲ್ಲ! ಬರೀ ಒಂದು ತಳ್ಳು, ಆಮೇಲೆ ಮೌನ. ಎಲ್ಲಿ ತಪ್ಪಿದೆ?

ವಿಳಂಬರೇಖೆ
ತಪ್ಪಿದ್ದು ನಾನು, ನೀವಲ್ಲ. ಮೀಟುವ ತಂತಿಯಲ್ಲಾದರೆ ಚಿಹ್ನೆ ಬದಲಿಸಿದರೂ ನುಡಿಯುತ್ತದೆ. ಊದುವ ರೀಡಿಗೆ ಅಲೆ ತಲೆಕೆಳಗಾಗಿ ಹಿಂದಿರುಗಿದರೆ ಮಾತ್ರ ತೆರೆದು ಮುಚ್ಚುವ ಆಟ ನಡೆಯುತ್ತದೆ. ಇಲ್ಲದಿದ್ದರೆ ಬಾಗಿಲು ಒಂದೇ ಕಡೆ ಒತ್ತಿಕೊಂಡು ನಿಂತುಬಿಡುತ್ತದೆ. ಎರಡನ್ನೂ ಕೇಳಿ ಎಂದು ಹೇಳುವ ಮೊದಲು ನಾನೇ ಮಾಡಿ ನೋಡಬೇಕಿತ್ತು. ತಂತಿಯ ಮಾದರಿಯಲ್ಲಿ ಇದನ್ನೇ ಮಾಡಿ, ಸ್ಥಾಯಿ ಬದಲಾಗುವುದು ಕೇಳಿಸುತ್ತದೆ.

ರಸಮಂಜರಿ_ಕೀಬೋರ್ಡು
ಶನಿವಾರ ಹರಿಹರದಲ್ಲಿ ಕಾರ್ಯಕ್ರಮವಿದೆ. ಡಬ್ಬಿ ಬಲಗಡೆ, ಲ್ಯಾಪ್‌ಟಾಪ್ ಎಡಗಡೆ. ಸ್ಯಾಕ್ಸ್ ಮತ್ತು ಶಹನಾಯಿಗೆ ಪ್ರಾಣಿಯನ್ನು ಬಿಡುತ್ತೇನೆ. ಬಿದಿರುಕೊಳಲು ಅವರ ಶಿಷ್ಯರೊಬ್ಬರು ಬರಲು ಒಪ್ಪಿದ್ದಾರೆ, ಬಸ್ ಚಾರ್ಜು ಮತ್ತು ಊಟ ನಮ್ಮದು, ಸಂಭಾವನೆ ಸಂಘಟಕರೊಂದಿಗೆ ಮಾತಾಡಿ ಗಿಟ್ಟಿಸಿದ್ದೇನೆ. ಆದ್ದರಿಂದ ಅಂದು ಕೊಳಲು ಕೊಳಲಿನಲ್ಲೇ ಬರುತ್ತದೆ. ಯಾರ ಬಳಿಯಾದರೂ ಬಿಸಿ3ಯ ಬಾಯಿತುದಿ ಹೆಚ್ಚುವರಿಯಾಗಿ ಇದ್ದರೆ ತಿಳಿಸಿ, ಬೆಸುಗೆಕಡ್ಡಿಯವರ ಬಿಲ್ಲಿನಿಂದ ಪಾರಾಗಬೇಕಾಗಿದೆ.